ಕಪ್ಪು-ಬಿಳುಪಾಗಿದ್ದ ಮಾತ್ರಕ್ಕೆ ಅದು 1948ರ ವಿಡಿಯೊನಾ?

ಸೆಪ್ಟೆಂಬರ್ 17 ಹತ್ತಿರ ಬಂತೆಂದರೆ ಕಲ್ಯಾಣ ಕರ್ನಾಟಕದ ವಾಟ್ಸ್‌ಆ್ಯಪ್ ಗ್ರೂಪ್‌ಗಳಲ್ಲಿ ಹಳೆಯ ದೃಶ್ಯಗಳು ಓಡಾಡತೊಡಗುತ್ತವೆ. 'ರಜಾಕಾರರ ಹಾವಳಿ, ಒರಿಜಿನಲ್ ವಿಡಿಯೊ, ಎಲ್ಲರಿಗೂ ಕಳಿಸಿ' ಎಂಬಂಥ ಬರಹ ಬೇರೆ. ಹಾವಳಿ ಸುಳ್ಳಲ್ಲ. ಕುಂಚಾವರಂ, ಚಿಂಚೋಳಿ, ಸೇಡಂ ಆಗ ನಿಜಾಮರ ಹೈದರಾಬಾದ್ ಸಂಸ್ಥಾನದಲ್ಲಿದ್ದವು. ಆದರೆ ವಿಡಿಯೊ ಅದರದ್ದೇನಾ?

ಇದನ್ನು ಪತ್ತೆಹಚ್ಚುವುದನ್ನೇ ವೃತ್ತಿ ಮಾಡಿಕೊಂಡವರಿದ್ದಾರೆ. ಸಿನಿಮಾ, ಸಾಕ್ಷ್ಯಚಿತ್ರಗಳಿಗೆ ಹಳೆಯ ದೃಶ್ಯ ಹುಡುಕಿಕೊಡುವ ಸಂಶೋಧಕರು. ಅವರು ಮೊದಲು ಕೇಳುವ ಪ್ರಶ್ನೆ: ಅಲ್ಲಿ ಕ್ಯಾಮೆರಾ ಹಿಡಿದು ನಿಂತಿದ್ದವರು ಯಾರು?

ಆಗ ಕ್ಯಾಮೆರಾ ಭಾರ, ಫಿಲ್ಮ್ ದುಬಾರಿ. ಸುದ್ದಿಚಿತ್ರ ತೆಗೆಯುತ್ತಿದ್ದವರು ಕೆಲವರೇ: 1948ರಲ್ಲೇ ಶುರುವಾದ ಸರ್ಕಾರದ ಫಿಲ್ಮ್ಸ್ ಡಿವಿಷನ್, ಬ್ರಿಟಿಷ್ ಪಾಥೆ, ಮೂವಿಟೋನ್‌ನಂಥ ವಿದೇಶಿ ಕಂಪನಿಗಳು. ಅವರ ಕ್ಯಾಮೆರಾ ಸಾಮಾನ್ಯವಾಗಿ ಹೋಗುತ್ತಿದ್ದುದು ಸೇನೆಯ ಹಿಂದೆ, ದೊಡ್ಡವರು ಬಂದಿಳಿಯುವ ಕಡೆ. ಕಾಡಂಚಿನ ಊರಿನ ಮೇಲೆ ರಾತ್ರಿ ದಾಳಿ ನಡೆದಾಗ, ದಾಳಿಕೋರನ ಮುಖವನ್ನು ಹತ್ತಿರದಿಂದ ಹಿಡಿದು, ಕಿರುಚಾಟದ ಸದ್ದನ್ನೂ ಸ್ಪಷ್ಟವಾಗಿ ದಾಖಲಿಸಿದವರು ಯಾರು? ಬಹುತೇಕ ಯಾವುದೋ ಸಿನಿಮಾ ತಂಡ. ಬಣ್ಣ ತೆಗೆಯುವುದು ಮೊಬೈಲ್‌ನಲ್ಲಿ ಎರಡು ಸೆಕೆಂಡಿನ ಕೆಲಸ.

ಎರಡನೆಯದು ಕಾಗದ. ಸುದ್ದಿಚಿತ್ರದ ಕ್ಯಾಮೆರಾಮನ್ ರೀಲ್ ಜತೆ ಒಂದು ಹಾಳೆ ಕಳಿಸುತ್ತಿದ್ದ. ಯಾವ ಊರು, ಯಾವ ದಿನ, ಚಿತ್ರದಲ್ಲಿ ಯಾರು ಯಾರು. ಇದಕ್ಕೆ ಡೋಪ್ ಶೀಟ್ ಎನ್ನುತ್ತಾರೆ. ರೀಲ್ ಸಿಕ್ಕರೂ ಇದು ಸಿಗದಿದ್ದರೆ ಕೆಲಸ ಅರ್ಧವೇ.

ನಿಜವಾದ ಚಿತ್ರಕ್ಕೂ ತಪ್ಪು ದಿನಾಂಕ ಅಂಟುತ್ತದೆ. ನಿಜಾಮರು ಸರ್ದಾರ್ ಪಟೇಲರಿಗೆ ಕೈಮುಗಿಯುವ ಪ್ರಸಿದ್ಧ ಚಿತ್ರವನ್ನು 'ಶರಣಾಗತಿಯ ಕ್ಷಣ' ಎಂದು ಹಂಚುತ್ತಾರೆ. ಅದು ಪಟೇಲರು ಹೈದರಾಬಾದಿಗೆ ಬಂದಾಗ, 1949ರ ಫೆಬ್ರವರಿಯಲ್ಲಿ, ವಿಮಾನ ನಿಲ್ದಾಣದಲ್ಲಿ ತೆಗೆದದ್ದು. ಸಂಸ್ಥಾನದ ಸೇನೆಯ ಮುಖ್ಯಸ್ಥ ಎಲ್ ಎದ್ರೂಸ್ ಅವರು ಮೇಜರ್ ಜನರಲ್ ಜೆ.ಎನ್. ಚೌಧುರಿ ಅವರಿಗೆ ಶರಣಾದದ್ದು 1948ರ ಸೆಪ್ಟೆಂಬರ್ 18ರಂದು, ಸಿಕಂದರಾಬಾದಿನಲ್ಲಿ. ಅಲ್ಲಿ ಪಟೇಲರೂ ಇರಲಿಲ್ಲ, ನಿಜಾಮರೂ ಇರಲಿಲ್ಲ.

ಇಷ್ಟೆಲ್ಲ ತಲೆಕೆಡಿಸಿಕೊಳ್ಳಬೇಕಾ ಎನ್ನಬಹುದು. ಬೇಕು ಎನ್ನುತ್ತೇವೆ ನಾವು. ಬೇರೆಲ್ಲೋ ಬಿದ್ದ ಹೆಣಗಳಿಗೆ ನಮ್ಮೂರ ಹೆಸರು ಹಚ್ಚಿದರೆ ಇವತ್ತಿನ ಓಣಿಯಲ್ಲಿ ಜಗಳ ಹತ್ತುತ್ತದೆ. ಆಮೇಲೆ ಅದು ಸುಳ್ಳೆಂದು ಗೊತ್ತಾದಾಗ, ನಿಜವಾಗಿ ಅನುಭವಿಸಿದವರ ಮಾತನ್ನೂ ಜನ ನಂಬುವುದಿಲ್ಲ.

ನೀವು ಮಾಡಬಹುದಾದ್ದು ಸುಲಭ. ವಿಡಿಯೊ ನಿಲ್ಲಿಸಿ, ಸ್ಕ್ರೀನ್‌ಶಾಟ್ ತೆಗೆದು ಗೂಗಲ್ ಲೆನ್ಸ್‌ಗೆ ಹಾಕಿ. ಸಿನಿಮಾ ದೃಶ್ಯವಾಗಿದ್ದರೆ ಬಹಳ ಸಲ ಅಲ್ಲೇ ಸಿಕ್ಕಿಬೀಳುತ್ತದೆ. ಬ್ರಿಟಿಷ್ ಪಾಥೆ 2014ರಲ್ಲಿ ತನ್ನ ಸುಮಾರು 85,000 ತುಣುಕುಗಳನ್ನು ಯೂಟ್ಯೂಬ್‌ಗೆ ಹಾಕಿದೆ; ಅಲ್ಲೂ ಹುಡುಕಿ. ಹುಡುಕಿದರೂ ಸಿಗಲಿಲ್ಲವೇ? ಫಾರ್ವರ್ಡ್ ಮಾಡದೆ ಬಿಡಿ.

ಇನ್ನೊಂದು ಮಾತು. 1948ರಲ್ಲಿ ಹತ್ತು ವರ್ಷದವರಾಗಿದ್ದವರಿಗೆ ಈಗ ತೊಂಬತ್ತರ ಹತ್ತಿರ. ಮನೆಯಲ್ಲಿ ಅಂಥ ಅಜ್ಜ, ಅಜ್ಜಿ ಇದ್ದರೆ, ಅವರು ಒಪ್ಪಿದರೆ, ಕೂರಿಸಿ ರೆಕಾರ್ಡ್ ಮಾಡಿ. ಮೊದಲು ಅವರ ಹೆಸರು, ಊರು, ಅವತ್ತಿನ ತಾರೀಖು ಹೇಳಿಸಿ.