ಒಂದು ಫೋನು, ಹಲವು ವೇಷ: ದಾನಿಶ್ ಸೇಠ್ ನಗೆ ವಿಡಿಯೋಗಳ ಲೆಕ್ಕಾಚಾರ

ಬೆಂಗಳೂರು: 2020ರ ಲಾಕ್‌ಡೌನ್‌ನಲ್ಲಿ ಎಲ್ಲರೂ ಮನೆಯೊಳಗೆ ಸಿಕ್ಕಿಬಿದ್ದಿದ್ದಾಗ ಬೆಂಗಳೂರಿನ ದಾನಿಶ್ ಸೇಠ್ ಫೋನ್ ಮುಂದೆ ಕೂತು ಚಿಕ್ಕ ಚಿಕ್ಕ ನಗೆ ವಿಡಿಯೋ ಮಾಡಿದರು. ಅಮ್ಮ, ಮನೆಕೆಲಸದ ಜಯ, ಹಿರಿಯರಾದ ರಾಮಮೂರ್ತಿ, 'ಬ್ರೋ' ಅನ್ನುವ ಹುಡುಗ, ಎಲ್ಲವೂ ಅವರೊಬ್ಬರೇ.

ಹಾಗಂತ ಅವರು ರಾತ್ರೋರಾತ್ರಿ ಬಂದವರಲ್ಲ. ರೇಡಿಯೋದಲ್ಲಿ ಫೋನ್ ಮಾಡಿ ಜನರನ್ನು ಬೇಸ್ತು ಬೀಳಿಸುತ್ತಿದ್ದ ಅವರ ಪಾತ್ರವೇ 2018ರಲ್ಲಿ 'ಹಂಬಲ್ ಪೊಲಿಟಿಷಿಯನ್ ನೊಗ್ರಾಜ್' ಸಿನಿಮಾ ಆಯಿತು. 2020ರ ಜುಲೈನಲ್ಲಿ 'ಫ್ರೆಂಚ್ ಬಿರಿಯಾನಿ' ಒಟಿಟಿಗೆ ಬಂತು. ಆರ್‌ಸಿಬಿ ಅಭಿಮಾನಿಗಳಿಗೆ ಅವರು 'ಮಿಸ್ಟರ್ ನ್ಯಾಗ್ಸ್'.

ನಗು ಬರುವುದು ಎಲ್ಲಿಂದ? 1981ರಿಂದ 1996ರ ನಡುವೆ ಹುಟ್ಟಿದವರನ್ನು ಮಿಲೇನಿಯಲ್ಸ್ ಅಂತಾರೆ. ಮನೆಯಲ್ಲಿ ಅಮ್ಮನ ಮಾತು, ಆಫೀಸಲ್ಲಿ ಇಂಗ್ಲಿಷ್, ಬೀದಿಯಲ್ಲಿ ಕನ್ನಡ-ಉರ್ದು ಬೆರಕೆ. ಈ ಮೂರರ ಮಧ್ಯೆ ಓಡಾಡುವವರು ಇವರು. ದಾನಿಶ್ ಹಿಡಿದದ್ದು ಅದೇ ದನಿಗಳನ್ನು. ನೋಡಿದವರಿಗೆ 'ಇದು ನಮ್ಮ ಮನೆಯದ್ದೇ' ಅನಿಸುತ್ತದೆ, ಅಷ್ಟೇ ಗುಟ್ಟು.

ಖರ್ಚು ಕಡಿಮೆ ಅಂತ ಗಲ್ಫ್‌ನಲ್ಲಿರುವ ನಮ್ಮ ಹುಡುಗರೂ ರೂಮಿನಲ್ಲೇ ರೀಲ್ಸ್ ಮಾಡುತ್ತಾರೆ. ತಪ್ಪೇನಿಲ್ಲ. ಆದರೆ ಯುಎಇಯಲ್ಲಿ ಎರಡು ಸಂಗತಿ ನೆನಪಿರಲಿ.

ಒಂದು, ಒಪ್ಪಿಗೆಯಿಲ್ಲದೆ ಇನ್ನೊಬ್ಬರ ಫೋಟೋ, ವಿಡಿಯೋ, ಮಾತು ಹಂಚಿ ಅವರ ಖಾಸಗಿತನಕ್ಕೆ ಧಕ್ಕೆ ತರುವುದು 2021ರ ಸೈಬರ್ ಅಪರಾಧ ಕಾನೂನಿನ 44ನೇ ವಿಧಿಯಡಿ ಅಪರಾಧ. ಕನಿಷ್ಠ ಆರು ತಿಂಗಳು ಜೈಲು, ಒಂದೂವರೆ ಲಕ್ಷದಿಂದ ಐದು ಲಕ್ಷ ದಿರ್ಹಂ ದಂಡ, ಅಥವಾ ಎರಡೂ. ಮಲಗಿರುವ ರೂಮ್‌ಮೇಟ್‌ನ ಗೊರಕೆ ವಿಡಿಯೋ ತಮಾಷೆಯಾಗಿ ಕಂಡರೂ ಕೇಸ್ ಆದರೆ ಕೆಲಸ, ವೀಸಾ ಎರಡಕ್ಕೂ ಕುತ್ತು.

ಎರಡು, ವ್ಯೂಸ್ ಬಂದ ಕೂಡಲೇ ದುಡ್ಡು ಬರುವುದಿಲ್ಲ. ಆದಾಯದ ದೊಡ್ಡ ದಾರಿ ಜಾಹೀರಾತು. ಹೋಟೆಲ್ ಒಂದನ್ನು ಹೊಗಳಿ ವಿಡಿಯೋ ಹಾಕಲು, ಹಣ ಪಡೆದರೂ ಪಡೆಯದಿದ್ದರೂ, ಪರವಾನಗಿ ಬೇಕು ಎಂದು ಅಲ್ಲಿನ ಮೀಡಿಯಾ ಕೌನ್ಸಿಲ್ 2025ರ ಜುಲೈನಲ್ಲಿ ಪ್ರಕಟಿಸಿದೆ. ಸ್ವಂತ ವ್ಯಾಪಾರದ ಪ್ರಚಾರಕ್ಕೆ ವಿನಾಯಿತಿ ಇದೆ. ಕಂಪನಿ ವೀಸಾದಲ್ಲಿ ಇರುವವರು ಮೊದಲು ಷರತ್ತು ಓದಿ, ಕಂಪನಿಯಲ್ಲೂ ಕೇಳಿಕೊಳ್ಳುವುದು ಒಳ್ಳೆಯದು.

ಇಲ್ಲೇ ದಾನಿಶ್ ದಾರಿ ಉಪಯೋಗಕ್ಕೆ ಬರುವುದು. ಅವರ ಲಾಕ್‌ಡೌನ್ ವಿಡಿಯೋಗಳಲ್ಲಿ ಕಾಣುವ ಮುಖ ಅವರದೊಂದೇ. ಫೋರ್‌ಮನ್ ಆಗಲಿ, ಮೆಸ್ ಅಡುಗೆಯವರಾಗಲಿ, ಊರಿಂದ 'ಯಾವಾಗ ಬರ್ತೀಯಾ' ಅಂತ ಕೇಳುವ ಅಮ್ಮನಾಗಲಿ, ಹೆಸರು ಹೇಳದೆ ಎಲ್ಲ ವೇಷವನ್ನೂ ತಾವೇ ಹಾಕಿದರೆ ಯಾರನ್ನೂ ಕದ್ದು ಚಿತ್ರಿಸುವ ಪ್ರಮೇಯವೇ ಇರುವುದಿಲ್ಲ.