ರಿಜಿಸ್ಟರ್ ಮದುವೆಯ ಮೇಲೊಂದು ಧಾರೆ ಬೇಕೇ?

ಮನೆಯವರಿಗೆ ಹೇಳದೆ ಮದುವೆಯಾದ ಜೋಡಿಗೆ ಕೆಲವು ವರ್ಷಗಳ ಮೇಲೆ ಮನೆಬಾಗಿಲು ಮತ್ತೆ ತೆರೆಯುವುದು ನಮ್ಮ ಕರಾವಳಿಯಲ್ಲಿ ಹೊಸದೇನಲ್ಲ. ಮಗು ಹುಟ್ಟಿದಾಗಲೋ ಅಜ್ಜಿಗೆ ಹುಷಾರು ತಪ್ಪಿದಾಗಲೋ ಮಾತು ಶುರುವಾಗುತ್ತದೆ. ನಿಧಾನಕ್ಕೆ ಅದು ಒಂದೇ ಕಡೆ ಬಂದು ನಿಲ್ಲುತ್ತದೆ: “ಇನ್ನೊಮ್ಮೆ ಎಲ್ಲರೆದುರು ಮದುವೆ ಮಾಡಿಬಿಡುವ.” ಮಣಿಪಾಲಕ್ಕೆ ಕಲಿಯಲು, ದುಡಿಯಲು ಬಂದು ಜಾತಿ, ಭಾಷೆ ದಾಟಿ ಜೊತೆಯಾದವರಿಗೂ ಉಡುಪಿ, ಕಾಪು, ಕಾರ್ಕಳದ ಊರಿನ ಜೋಡಿಗಳಿಗೂ ಎದುರಾಗುವ ಪ್ರಶ್ನೆ ಇದು. ಹೌದು ಅಥವಾ ಬೇಡ ಎನ್ನುವ ಮೊದಲು ಕೆಲವು ತಪ್ಪು ಕಲ್ಪನೆಗಳನ್ನು ಸರಿಪಡಿಸಿಕೊಳ್ಳುವುದು ಒಳ್ಳೆಯದು.

ತಪ್ಪು ಕಲ್ಪನೆ: ಹಿರಿಯರಿಲ್ಲದ, ಶಾಸ್ತ್ರವಿಲ್ಲದ ರಿಜಿಸ್ಟರ್ ಮದುವೆ ಅರ್ಧ ಮದುವೆ.

ಸತ್ಯ: 1954ರ ವಿಶೇಷ ವಿವಾಹ ಕಾಯ್ದೆಯಡಿ ಆದ ಮದುವೆ ಪೂರ್ಣ ಮದುವೆ. ಹುಡುಗನಿಗೆ 21, ಹುಡುಗಿಗೆ 18 ತುಂಬಿರಬೇಕು. ಅರ್ಜಿ ಕೊಟ್ಟ ಮೇಲೆ ಹೆಸರು, ವಯಸ್ಸು, ವಿಳಾಸವಿರುವ ನೋಟಿಸು 30 ದಿನ ಕಚೇರಿಯ ಬೋರ್ಡಿನಲ್ಲಿರುತ್ತದೆ. ಆಮೇಲೆ ಅಧಿಕಾರಿ ಮತ್ತು ಮೂವರು ಸಾಕ್ಷಿಗಳ ಮುಂದೆ ಇಬ್ಬರೂ ಪರಸ್ಪರರನ್ನು ಪತಿ, ಪತ್ನಿಯಾಗಿ ಸ್ವೀಕರಿಸಿದ್ದೇವೆಂದು ಬಾಯಿಬಿಟ್ಟು ಹೇಳಬೇಕು. ತಮಗೆ ತಿಳಿಯುವ ಯಾವ ಭಾಷೆಯಲ್ಲಾದರೂ ಹೇಳಬಹುದು. ತುಳುವಿನಲ್ಲೂ ಆದೀತು, ಕೊಂಕಣಿಯಲ್ಲೂ ಆದೀತು. ಅಂದರೆ ಪ್ರತಿಜ್ಞೆ ಆ ಕಚೇರಿಯಲ್ಲೇ ಆಗಿರುತ್ತದೆ. ಹೆತ್ತವರ ಸಹಿ ಕಾನೂನಿಗೆ ಬೇಕಿಲ್ಲ. ವಯಸ್ಕರಿಬ್ಬರು ಒಪ್ಪಿ ಮದುವೆಯಾಗಲು ಮನೆಯವರ, ಜಾತಿಯವರ ಅನುಮತಿ ಅಗತ್ಯವಿಲ್ಲವೆಂದು 2018ರ ಶಕ್ತಿ ವಾಹಿನಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟವಾಗಿ ಹೇಳಿದೆ.

ತಪ್ಪು ಕಲ್ಪನೆ: ಸರ್ಟಿಫಿಕೇಟ್ ಕೈಗೆ ಬಂದರೆ ಆಯಿತು, ಯಾವ ಕಾಯ್ದೆಯಾದರೂ ಒಂದೇ.

ಸತ್ಯ: ಒಂದೇ ಅಲ್ಲ, ಬಹಳ ಜೋಡಿಗಳು ಎಡವುವುದು ಇಲ್ಲೇ. 1955ರ ಹಿಂದೂ ವಿವಾಹ ಕಾಯ್ದೆಯ 7ನೆಯ ಕಲಮಿನ ಪ್ರಕಾರ ಮದುವೆ ಆಗುವುದು ವಧು ಅಥವಾ ವರನ ಕಡೆಯ ರೂಢಿಯ ಶಾಸ್ತ್ರದಿಂದ. ನೋಂದಣಿ ಅದಕ್ಕೆ ದಾಖಲೆ ಮಾತ್ರ. ಸಪ್ತಪದಿಯ ಪದ್ಧತಿ ಇರುವವರಲ್ಲಿ ಏಳನೆಯ ಹೆಜ್ಜೆಗೆ ಮದುವೆ ಪೂರ್ಣವಾಗುತ್ತದೆ. ನಮ್ಮ ಬಂಟ, ಬಿಲ್ಲವ, ಮೊಗವೀರ ಮನೆಗಳಲ್ಲಿ ಧಾರೆಯೇ ಮುಖ್ಯ. ಇಬ್ಬರು ಪೈಲಟ್‌ಗಳು 2021ರಲ್ಲಿ ಶಾಸ್ತ್ರವೇ ಇಲ್ಲದೆ ಪ್ರಮಾಣಪತ್ರ ಪಡೆದು ನೋಂದಣಿ ಮಾಡಿಸಿ, ಸಮಾರಂಭವನ್ನು ಮರುವರ್ಷಕ್ಕೆ ಇಟ್ಟುಕೊಂಡಿದ್ದರು. ಅಷ್ಟರೊಳಗೆ ಮನಸ್ತಾಪ ಬಂತು. 2024ರ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟ್ ಅದನ್ನು ಹಿಂದೂ ಮದುವೆಯೇ ಅಲ್ಲ ಎಂದಿತು.

ಆದ್ದರಿಂದ ಮೊದಲು ನಿಮ್ಮ ಪತ್ರ ಯಾವ ಕಾಯ್ದೆಯದ್ದೆಂದು ತೆಗೆದು ನೋಡಿ. ಹಿಂದೂ ವಿವಾಹ ಕಾಯ್ದೆಯದ್ದಾಗಿದ್ದು, ಶಾಸ್ತ್ರ ಏನೂ ಆಗಿರದಿದ್ದರೆ ಮುಂದೆ ಮಾಡುವ ಧಾರೆ ಬರೀ ಸಂಭ್ರಮಕ್ಕಲ್ಲ. ಮೊದಲು ವಕೀಲರೊಬ್ಬರನ್ನು ಕಾಣಿ. ಕ್ಯಾಥೊಲಿಕರ ವಿಷಯವೂ ಬೇರೆ. ಕಾನೂನಿಗೆ ಸರಿಯಾದ ರಿಜಿಸ್ಟರ್ ಮದುವೆಯನ್ನು ಚರ್ಚ್ ತನ್ನ ನಿಯಮದಂತೆ ಮಾನ್ಯ ಮಾಡುವುದಿಲ್ಲ. ಅಲ್ಲಿ ನಡೆಯುವುದು ಹಳೆಯ ಪ್ರತಿಜ್ಞೆಯ ನವೀಕರಣವಲ್ಲ, ಹೊಸದಾಗಿ ಕೊಡುವ ಸಮ್ಮತಿ. ನಿಮ್ಮ ಇಗರ್ಜಿಯ ವಿಗಾರರನ್ನು ಕೇಳಿ.

ತಪ್ಪು ಕಲ್ಪನೆ: ಗಂಡ ಹೆಂಡತಿ ಮತ್ತೆ ಮದುವೆಯಾಗುವುದು ಅಶುಭ, ಇಲ್ಲವೇ ಬರೀ ಹೊರದೇಶದ ಫ್ಯಾಷನ್.

ಸತ್ಯ: ಗಂಡನಿಗೆ 60 ತುಂಬಿದಾಗ ಷಷ್ಟ್ಯಬ್ದಿಯಲ್ಲಿ ದಂಪತಿ ಮತ್ತೆ ಹಾರ ಬದಲಿಸಿಕೊಂಡು, ಮತ್ತೆ ತಾಳಿ ಕಟ್ಟುವುದನ್ನು ನಾವೆಲ್ಲ ನೋಡಿದ್ದೇವೆ. ಮಕ್ಕಳು, ಮೊಮ್ಮಕ್ಕಳೇ ಮುಂದೆ ನಿಂತು ಮಾಡಿಸುತ್ತಾರೆ. ಕ್ರೈಸ್ತ ದಂಪತಿಗಳು ಮದುವೆಯ 25, 50ನೆಯ ವರ್ಷಕ್ಕೆ ಪೂಜೆಯಲ್ಲಿ ಪ್ರತಿಜ್ಞೆಯನ್ನು ಪುನಃ ನುಡಿಯುತ್ತಾರೆ. ಪುರೋಹಿತರಿಲ್ಲದೆ ವಧೂವರರು ಕನ್ನಡದಲ್ಲೇ ಪ್ರತಿಜ್ಞೆ ಮಾಡುವ ದಾರಿಯನ್ನು ಕುವೆಂಪು ‘ಮಂತ್ರಮಾಂಗಲ್ಯ’ದಲ್ಲಿ ತೋರಿಸಿದರು, 1966ರಲ್ಲಿ ಪೂರ್ಣಚಂದ್ರ ತೇಜಸ್ವಿ, ರಾಜೇಶ್ವರಿ ಅವರ ಮದುವೆ ಹಾಗೆಯೇ ಆಯಿತು. ಮಾತು ಕೊಡುವುದಾಗಲಿ, ಕೊಟ್ಟ ಮಾತನ್ನು ಮತ್ತೆ ಹೇಳುವುದಾಗಲಿ ನಮಗೆ ಅಪರಿಚಿತವಲ್ಲ.

ತಪ್ಪು ಕಲ್ಪನೆ: ದೊಡ್ಡ ಸಮಾರಂಭದ ದಿನವೇ ಇನ್ನು ಮದುವೆಯ ದಿನ.

ಸತ್ಯ: ಕಾನೂನಿಗೆ ಸರಿಯಾಗಿ ಆದ ಮೊದಲ ಮದುವೆಯ ತಾರೀಕೇ ತಾರೀಕು. ಸಮಾರಂಭ ಅದನ್ನು ರದ್ದು ಮಾಡುವುದೂ ಇಲ್ಲ, ಬದಲಾಯಿಸುವುದೂ ಇಲ್ಲ. ಹೊಸ ತಾರೀಕು ಹಾಕಿ ಇನ್ನೊಮ್ಮೆ ನೋಂದಣಿ ಮಾಡಿಸಲು ಹೋಗಬೇಡಿ. ಒಂದೇ ಜೋಡಿಯ ಎರಡು ಪತ್ರಗಳಲ್ಲಿ ಎರಡು ತಾರೀಕಿದ್ದರೆ ಪಾಸ್‌ಪೋರ್ಟ್, ವೀಸಾ, ಆಸ್ತಿ ವ್ಯವಹಾರಗಳಲ್ಲಿ ಬೇಡದ ಪ್ರಶ್ನೆಗಳು ಏಳುತ್ತವೆ. ಹಂಚುವ ಕಾಗದದಲ್ಲಿಯೂ ‘ವಿವಾಹ’ ಎಂದು ಹಾಕದೆ ‘ಆರತಕ್ಷತೆ’ ಎಂದೇ ಅಚ್ಚು ಹಾಕಿಸಿ. ಆಗಿರುವ ಮದುವೆಯನ್ನು ಆಗಿಲ್ಲವೆಂಬಂತೆ ತೋರಿಸುವ ಅಗತ್ಯ ಯಾರಿಗೂ ಇಲ್ಲ.

ತಪ್ಪು ಕಲ್ಪನೆ: ಹಾಲ್ ಹಿಡಿದು ಊರಿಗೆಲ್ಲ ಊಟ ಹಾಕಿದರೆ ಮನೆಯವರ ಬೇಸರ ಹೋಗುತ್ತದೆ.

ಸತ್ಯ: ಮನೆಯವರು ಕಳೆದುಕೊಂಡದ್ದು ಹಾಲ್ ಊಟವನ್ನಲ್ಲ. ಧಾರೆಯ ಹೊತ್ತನ್ನು ನೆನೆಯಿರಿ. ಗಿಂಡಿಯ ಮೇಲೆ ತೆಂಗಿನಕಾಯಿ, ಪಿಂಗಾರ. ಹುಡುಗ ಹುಡುಗಿಯ ಕೈ ಒಂದರ ಮೇಲೊಂದು. ಅಪ್ಪ, ಅಮ್ಮ, ಸೋದರಮಾವ ಒಟ್ಟಾಗಿ ಗಿಂಡಿ ಮುಟ್ಟಿ ಆ ಕೈಗಳ ಮೇಲೆ ನೀರೆರೆಯುತ್ತಾರೆ. ಅಳಿಯಕಟ್ಟಿನ ಕುಟುಂಬಗಳಲ್ಲಿ ಸೋದರಮಾವನ ಸ್ಥಾನ ದೊಡ್ಡದು. ಕಚೇರಿಯ ಮೇಜಿನ ಮುಂದೆ ಇವರು ಯಾರೂ ಇರಲಿಲ್ಲ. ಮದುವೆಯಾದ ಮೊದಲ ವರ್ಷ ಮಗಳು ಆಟಿಯಲ್ಲಿ ತವರಿಗೆ ಬಂದು ಕೂರುವ ಕ್ರಮ ತುಳುನಾಡಿನಲ್ಲಿದೆ. ಹೇಳದೆ ಹೋದ ಮಗಳಿಗೂ ಅವಳ ಅಮ್ಮನಿಗೂ ಆ ಆಟಿಯೂ ತಪ್ಪಿತು. ತಪ್ಪಿದ್ದು ಇಂಥದ್ದಾದರೆ ತುಂಬಿಕೊಡಬೇಕಾದದ್ದೂ ಇದನ್ನೇ. ಕುಟುಂಬದ ಮನೆಯ ಚಾವಡಿಯಲ್ಲಿ ಇಬ್ಬರನ್ನೂ ಕೂರಿಸಿ, ಹಿರಿಯರು ಸೇಸೆ ಹಾಕಿ, ಹತ್ತಿರದವರಷ್ಟೇ ಕೂತು ಉಂಡರೂ ಸಾಕು. ಸಾಲ ಮಾಡಿ ಕಾಪುವಿನ ಕಡಲ ಬದಿಯ ರೆಸಾರ್ಟಿನಲ್ಲಿ ವೇದಿಕೆ ಹಾಕಿಸಿದರೂ, ಆ ಮಾವನನ್ನು ಮಾತಾಡಿಸದೆ ಬಿಟ್ಟರೆ ಬೇಸರ ಹಾಗೆಯೇ ಉಳಿಯುತ್ತದೆ.

ತಪ್ಪು ಕಲ್ಪನೆ: ಮದುವೆ ಆಗಿಹೋಗಿದೆ, ಈಗ ಚಿನ್ನ ಕೇಳಿದರೆ ಅದು ವರದಕ್ಷಿಣೆಯಲ್ಲ.

ಸತ್ಯ: 1961ರ ವರದಕ್ಷಿಣೆ ನಿಷೇಧ ಕಾಯ್ದೆ ಮದುವೆಗೆ ಮೊದಲು, ಮದುವೆಯಲ್ಲಿ, ಮದುವೆಯ ನಂತರ ಯಾವಾಗ ಕೇಳಿದ್ದಕ್ಕೂ ಅನ್ವಯಿಸುತ್ತದೆ. “ಆಗ ಕೊಡಲಿಲ್ಲ, ಈಗಲಾದರೂ ಕೊಡಲಿ” ಎಂಬ ಮಾತು ಬಂದರೆ ಸಮಾರಂಭದ ಮಾತುಕತೆಯನ್ನು ಅಲ್ಲಿಗೇ ನಿಲ್ಲಿಸಿ.

ಇಷ್ಟೆಲ್ಲ ತಿಳಿದ ಮೇಲೆ ಮಾಡಬೇಕೇ ಬೇಡವೇ? ಕಾಯ್ದೆಗೆ ಏನು ಬಾಕಿ ಇದೆ ಎಂಬುದನ್ನೂ ಮನೆಯವರ ಮನಸ್ಸಿಗೆ ಏನು ಬಾಕಿ ಇದೆ ಎಂಬುದನ್ನೂ ಬೇರೆ ಬೇರೆಯಾಗಿ ನೋಡಿ. ಮೊದಲನೆಯದಕ್ಕೆ ಕಾಗದಪತ್ರ ಉತ್ತರ ಕೊಡುತ್ತದೆ, ಎರಡನೆಯದಕ್ಕೆ ಮಾತುಕತೆ. ಗಂಡ ಹೆಂಡತಿ ಇಬ್ಬರಿಗೂ ಮನಸ್ಸಿದ್ದರೆ, ಎರಡೂ ಮನೆಯವರು ಬೆದರಿಕೆ, ಬೇಡಿಕೆ ಇಲ್ಲದೆ ಕರೆಯುತ್ತಿದ್ದರೆ ಸಂತೋಷದಿಂದ ಮಾಡಿ. ಇಬ್ಬರಲ್ಲಿ ಒಬ್ಬರಿಗೆ ಬೇಡವಾಗಿದ್ದರೆ ಬಿಡಿ. ಕಾಯ್ದೆಗೆ ಏನೂ ಬಾಕಿ ಇಲ್ಲದಿದ್ದರೆ ಮದುವೆಗೆ ಏನೂ ಕೊರತೆಯಾಗದು. ಕರೆಯುವ ದನಿಯಲ್ಲಿ ಅಪಾಯ ಕಂಡರೆ ಹೋಗಲೇಬೇಡಿ: ತುರ್ತಿಗೆ 112, ಮಹಿಳೆಯರಿಗೆ 181 ಇದೆ. ಇಂಥ ಜೋಡಿಗಳ ರಕ್ಷಣೆಗೆ ಜಿಲ್ಲೆ ಜಿಲ್ಲೆಯಲ್ಲೂ ವಿಶೇಷ ಘಟಕ ಇರಬೇಕೆಂದು ಸುಪ್ರೀಂ ಕೋರ್ಟ್ ಅದೇ 2018ರ ತೀರ್ಪಿನಲ್ಲಿ ಆದೇಶಿಸಿದೆ. ಹಿರಿಯರಿಗೂ ಒಂದು ಮಾತು. ಮಕ್ಕಳನ್ನು ಮತ್ತೆ ಮನೆಗೆ ಕರೆಯಲು ಮುಹೂರ್ತಕ್ಕಾಗಲಿ ಹಾಲಿಗಾಗಲಿ ಕಾಯಬೇಡಿ, ಈ ಭಾನುವಾರವೇ ಊಟಕ್ಕೆ ಕರೆಯಿರಿ.