ಹೊಳೆಯ ಮರಳು ಯಾರ ಸೊತ್ತು?

ಬೇಸಗೆಯಲ್ಲಿ ಬತ್ತಿದಂತೆ ಕಾಣುವ ಹೊಳೆಯಲ್ಲಿ ಹಳ್ಳಿಯ ಹೆಂಗಸರು ಒರತೆ ತೋಡಿ ಕೊಡ ತುಂಬಿಸಿಕೊಳ್ಳುವುದನ್ನು ವಾಚಕರಲ್ಲಿ ಹಲವರು ಕಂಡಿರಬಹುದು. ಮೇಲೆ ಕಾದ ಮರಳು. ಎರಡು ಮೊಳ ಕೆಳಗೆ ತಿಳಿಯಾದ ನೀರು. ಈ ನೀರು ಅಲ್ಲಿ ನಿಂತುದಾದರೂ ಹೇಗೆ? ಇದನ್ನರಿತರೆ, ಮರಳನ್ನು ಕದ್ದೊಯ್ಯುವವರ ವಿಷಯದಲ್ಲಿ ನ್ಯಾಯಾಲಯಗಳು ಏಕೆ ಕಠಿನವಾಗಿವೆಯೆಂಬುದೂ ತಿಳಿಯುತ್ತದೆ.

ಮರಳೆಂದರೆ ಶಿಲೆಯ ನುಚ್ಚು. ಬೆಟ್ಟದ ಬಂಡೆಯು ಬಿಸಿಲು ಮಳೆಗಳಿಗೆ ಶಿಥಿಲವಾಗಿ ಒಡೆದು, ಪ್ರವಾಹದಲ್ಲಿ ಉರುಳಿ ಸವೆದು, ಎರಡು ಮಿಲಿಮೀಟರಿಗಿಂತ ಸಣ್ಣ ಕಣಗಳಾಗುತ್ತದೆ. ಇದು ಸಾವಿರಾರು ವರ್ಷಗಳ ಕಾರ್ಯ. ಈ ಕಣಗಳು ಎಷ್ಟೇ ಒತ್ತಾಗಿ ಕುಳಿತರೂ ನಡುವೆ ಸಂದುಗಳು ಉಳಿಯುತ್ತವೆ. ಒಟ್ಟು ಗಾತ್ರದಲ್ಲಿ ಸುಮಾರು ಮೂರರಲ್ಲೊಂದು ಪಾಲು ಈ ಸಂದುಗಳದೇ. ಲೆಕ್ಕ ಹಾಕಿ ನೋಡೋಣ. ಒಂದು ಹೆಕ್ಟೇರ್ ವಿಸ್ತಾರದ ಪಾತ್ರದಲ್ಲಿ ಒಂದು ಮೀಟರ್ ದಪ್ಪ ಮರಳಿದ್ದರೆ ಅದರ ಗಾತ್ರ 10,000 ಘನಮೀಟರ್. ಅದರ ಸಂದುಗಳು ಹಿಡಿಯಬಲ್ಲ ನೀರು ಸುಮಾರು 33 ಲಕ್ಷ ಲೀಟರ್! ಸ್ವಲ್ಪ ಭಾಗ ಕಣಗಳಿಗೆ ಅಂಟಿ ನಿಂತರೂ ಉಳಿದುದು ಮೆಲ್ಲನೆ ಒಸರಿ ಸುತ್ತಲಿನ ನೆಲದ ತೇವವನ್ನು ಕಾಯುತ್ತದೆ. ಮರಳಿನ ಹೊದಿಕೆಯ ಕೆಳಗಿರುವುದರಿಂದ ಬಿಸಿಲಿಗೆ ಆವಿಯಾಗುವುದೂ ಕಡಿಮೆ.

ಮರಳನ್ನು ಮಿತಿಮೀರಿ ತೆಗೆದು ಪಾತ್ರ ತಗ್ಗಾಯಿತೆಂದರೆ ದಡದ ಅಂತರ್ಜಲವು ಆ ತಗ್ಗಿಗೆ ಬಸಿದುಹೋಗುತ್ತದೆ, ಬಾವಿಗಳು ಬತ್ತುತ್ತವೆ. ಸೇತುವೆಯ ಕಂಬಗಳ ಬುಡ ಬಯಲಾಗುತ್ತದೆ. ಗುಂಡಿಯ ಮೇಲಂಚು ಪ್ರವಾಹಕ್ಕೆ ಕುಸಿಯುತ್ತ ಹೋಗಿ, ಸಲಿಕೆಯೇ ಸೋಕದ ಮೇಲಿನ ಊರಿನವರೆಗೂ ಕೊರೆತ ಹಬ್ಬುವುದುಂಟು.

ಈಗ ಕಾನೂನಿನ ಮಾತು. 1957ರ ಗಣಿ ಮತ್ತು ಖನಿಜ ಕಾಯಿದೆಯಲ್ಲಿ ಸಾಮಾನ್ಯ ಮರಳು ಒಂದು ‘ಉಪಖನಿಜ’. ಪರವಾನಗಿಯಿಲ್ಲದೆ ತೆಗೆದವರಿಗೆ ಐದು ವರ್ಷಗಳವರೆಗೆ ಸೆರೆವಾಸವನ್ನೂ, ಹೆಕ್ಟೇರಿಗೆ ಐದು ಲಕ್ಷ ರೂಪಾಯಿಗಳವರೆಗೆ ದಂಡವನ್ನೂ ಅದು ವಿಧಿಸುತ್ತದೆ. ಆದರೆ ಈ ಕಾಯಿದೆಯಂತೆ ವಿಚಾರಣೆ ನಡೆಯಬೇಕಾದರೆ ಅದಕ್ಕೆಂದು ನೇಮಕವಾದ ಅಧಿಕಾರಿಯೇ ಲಿಖಿತವಾಗಿ ದೂರು ಕೊಡಬೇಕು. ಹಾಗಾದರೆ ಪೋಲೀಸರು ಮರಳು ಸಾಗಿಸುವವನನ್ನು ಸಾಮಾನ್ಯ ಕಳ್ಳನಂತೆ ಹಿಡಿಯಬಹುದೇ? ದೆಹಲಿಯ ಯಮುನೆಯ ಮರಳಿನ ಮೊಕದ್ದಮೆಯೊಂದರಲ್ಲಿ ಈ ಪ್ರಶ್ನೆ ಸರ್ವೋಚ್ಚ ನ್ಯಾಯಾಲಯವನ್ನು ಮುಟ್ಟಿತು.

2014ರ ಸೆಪ್ಟೆಂಬರ್ 4ರಂದು ಬಂದ ತೀರ್ಪು ಸ್ಪಷ್ಟವಾಗಿದ್ದಿತು. ಕಳವಾಗುವುದು ಚರವಸ್ತು ಮಾತ್ರ. ನೆಲಕ್ಕೆ ಅಂಟಿರುವವರೆಗೆ ಮರಳು ಚರವಲ್ಲ. ಆದರೆ ನೆಲದಿಂದ ಬೇರ್ಪಟ್ಟ ಕ್ಷಣವೇ ಅದು ಚರವಸ್ತುವಾಗುತ್ತದೆ. ಸರ್ಕಾರದ ನೆಲದಿಂದ ಒಪ್ಪಿಗೆಯಿಲ್ಲದೆ ದುರುದ್ದೇಶದಿಂದ ಒಯ್ದರೆ ಅದು ಕಳ್ಳತನವೇ ಸರಿ. ಪರವಾನಗಿಯಿಲ್ಲದ ಗಣಿಗಾರಿಕೆಯೂ ಕಳ್ಳತನವೂ ಬೇರೆ ಬೇರೆ ಅಪರಾಧಗಳು. 1860ರ ದಂಡಸಂಹಿತೆಯ ಸ್ಥಾನದಲ್ಲಿ 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯಲ್ಲಿಯೂ ಈ ವಿವರಣೆ ಉಳಿದುಬಂದಿದೆ.

ಇದಕ್ಕೆ ಮೊದಲೇ, 2012ರ ಫೆಬ್ರವರಿ 27ರಂದು, ಹರಿಯಾಣದ ಮೊಕದ್ದಮೆಯೊಂದರಲ್ಲಿ ಅದೇ ನ್ಯಾಯಾಲಯವು ಐದು ಹೆಕ್ಟೇರಿಗಿಂತ ಕಿರಿದಾದ ಗುತ್ತಿಗೆಗಳಿಗೂ ಪರಿಸರದ ಅನುಮತಿ ಬೇಕೆಂದಿತ್ತು. ದೊಡ್ಡ ಪಾತ್ರವನ್ನು ಚೂರುಚೂರಾಗಿ ಹಂಚಿ ನಿಯಮದಿಂದ ನುಣುಚಿಕೊಳ್ಳುವ ಉಪಾಯಕ್ಕೆ ಇದು ತಡೆಯಾಯಿತು.

ಆದರೂ ಅಪರಾಧವನ್ನು ಸಿದ್ಧಪಡಿಸುವುದು ಸುಲಭವಲ್ಲ. ಕದ್ದ ಮರಳಿಗೆ ಗುರುತಿಲ್ಲ, ಗುಂಡಿಯೊಂದೇ ಸಾಕ್ಷಿ. ಅದರ ಉದ್ದ, ಅಗಲ, ಆಳಗಳನ್ನು ಅಳೆದರಷ್ಟೇ ನಷ್ಟ ತಿಳಿಯುವುದು. ತಡಮಾಡಿದರೆ ಒಂದೇ ಮಳೆಗಾಲದ ಪ್ರವಾಹ ಆ ಸಾಕ್ಷಿಯನ್ನು ಅಳಿಸಿಹಾಕೀತು. ಆದುದರಿಂದಲೇ ಅಗೆತಕ್ಕೆ ಮುನ್ನ ಮತ್ತು ಅನಂತರ ಪಾತ್ರದ ಮಟ್ಟವನ್ನು ಅಳೆದಿಡುವುದು ಅಗತ್ಯ. 2020ರ ಕೇಂದ್ರ ಮಾರ್ಗಸೂಚಿಯು ಡ್ರೋನ್ ಸಮೀಕ್ಷೆಯನ್ನೂ ಸೂಚಿಸಿದೆ.

ಮನೆ ಕಟ್ಟಲು ಮರಳು ಬೇಕು, ನಿಜ. ಬಂಡೆಯನ್ನು ಯಂತ್ರದಿಂದ ಪುಡಿಮಾಡಿದ ಎಂ-ಸ್ಯಾಂಡ್ ಇಂದು ನಮ್ಮ ನಾಡಿನಲ್ಲಿ ಬಳಕೆಯಲ್ಲಿದೆ. ಗೋಡೆಗೆ ಬದಲಿ ಮರಳು ದೊರೆತೀತು. ಒರತೆಗೆ ಮಾತ್ರ ಬದಲಿಯಿಲ್ಲ. ಹೊಳೆಯ ಮರಳನ್ನು ಕದ್ದವನು ಹೊತ್ತೊಯ್ಯುವುದು ಊರಿನ ಮುಂದಿನ ಬೇಸಗೆಯ ನೀರನ್ನು.